ಕಾರ್ಖಾನೆಯ ಕೈಗಳು, ಕ್ಯಾಮೆರಾದ ಕಣ್ಣು



ನಿಮ್ಮ ಮನೆಯ ಹಿರಿಯರನ್ನು ಒಮ್ಮೆ ಕೇಳಿ ನೋಡಿ. ಅವರು ಚಿಕ್ಕವರಿದ್ದಾಗ ಟಾಕೀಸಿಗೆ ಹೋದರೆ ಕಥಾಚಿತ್ರ ಶುರುವಾಗುವ ಮೊದಲು ಸರಕಾರದ ಫಿಲ್ಮ್ಸ್ ಡಿವಿಷನ್ ತಯಾರಿಸಿದ ವಾರ್ತಾಚಿತ್ರವನ್ನೋ ಸಾಕ್ಷ್ಯಚಿತ್ರವನ್ನೋ ತೋರಿಸುತ್ತಿದ್ದರು. ಅಣೆಕಟ್ಟು, ಉಕ್ಕು ಕರಗಿಸುವ ಕುಲುಮೆ, ತಿರುಗುವ ಚಕ್ರ, ಕಿಡಿ ಹಾರಿಸುವ ಯಂತ್ರ, ಇವೆಲ್ಲದರ ಹಿಂದೆ ಒಂದು ಗಂಭೀರವಾದ ದನಿ. ಕಡಲೆಕಾಯಿ ತಿನ್ನುತ್ತಾ ಮುಖ್ಯ ಚಿತ್ರಕ್ಕಾಗಿ ಕಾಯುತ್ತಿದ್ದ ಪ್ರೇಕ್ಷಕರು ಅದರತ್ತ ಅಷ್ಟಾಗಿ ಲಕ್ಷ್ಯ ಕೊಡುತ್ತಿರಲಿಲ್ಲ. ಆದರೂ ಕಾರ್ಖಾನೆ ಎಂದರೆ ಹೀಗಿರುತ್ತದೆ ಎಂಬ ಒಂದು ಚಿತ್ರ ಅವರ ಮನಸ್ಸಿನಲ್ಲಿ ಉಳಿದುಬಿಡುತ್ತಿತ್ತು.

ಕಾರ್ಖಾನೆಯ ಒಳಗಿನ ಕೆಲಸವನ್ನು ತೋರಿಸುವ ಇಂಥ ಚಿತ್ರಗಳನ್ನು ‘ಕೈಗಾರಿಕಾ ಚಿತ್ರ’ಗಳೆಂದು ಕರೆಯೋಣ. ಇವು ಇತ್ತೀಚಿನವಲ್ಲ. ಸಿನಿಮಾಕ್ಕೆ ಎಷ್ಟು ವಯಸ್ಸೋ ಇವುಗಳಿಗೂ ಹೆಚ್ಚುಕಡಿಮೆ ಅಷ್ಟೇ ವಯಸ್ಸು. ಅವುಗಳಲ್ಲಿ ಅತ್ಯಂತ ಸೊಗಸಾದ ಕೆಲವು ಅಮೆರಿಕದ ಮೋಟಾರು ಕಾರಿನ ಕಾರ್ಖಾನೆಗಳಲ್ಲಿ ತಯಾರಾದವು. ಇಂದು ನಾವು ಆ ಚಿತ್ರಗಳನ್ನು ಇತಿಹಾಸದ ವಿದ್ಯಾರ್ಥಿಗಳಾಗಿ ನೋಡೋಣ. ಶಾಸನ, ತಾಮ್ರಪಟ, ಪತ್ರಗಳಂತೆ ಚಲನಚಿತ್ರವೂ ಒಂದು ಆಕರ. ಆದರೆ ಅದು ಎದುರಿಗೆ ನಡೆದದ್ದನ್ನೇ ತೋರಿಸುವುದರಿಂದ ನಾವು ಅದನ್ನು ಪ್ರಶ್ನಿಸದೆ ನಂಬಿಬಿಡುತ್ತೇವೆ. ‘ಕಣ್ಣಾರೆ ಕಂಡರೂ ಪರಾಂಬರಿಸಿ ನೋಡು’ ಎಂಬ ನಮ್ಮ ಗಾದೆ ಇಲ್ಲಿ ಬಹಳ ಉಪಯೋಗಕ್ಕೆ ಬರುತ್ತದೆ.

ಬಾಗಿಲಲ್ಲಿ ನಿಂತ ಕ್ಯಾಮೆರಾ

1895ನೆಯ ಇಸವಿಯ ಮಾರ್ಚ್ ತಿಂಗಳು. ಫ್ರಾನ್ಸಿನ ಲಿಯಾನ್ ನಗರದಲ್ಲಿ ಲ್ಯೂಮಿಯೇರ್ ಮನೆತನದವರಿಗೆ ಛಾಯಾಚಿತ್ರದ ಫಲಕಗಳನ್ನು ತಯಾರಿಸುವ ಒಂದು ಕಾರ್ಖಾನೆಯಿತ್ತು. ಆ ಮನೆಯ ಸೋದರರು ತಾವು ರೂಪಿಸಿದ ಹೊಸ ಕ್ಯಾಮೆರಾವನ್ನು ಕಾರ್ಖಾನೆಯ ಹೆಬ್ಬಾಗಿಲಿನ ಎದುರಿಗೆ ನಿಲ್ಲಿಸಿದರು. ಬಾಗಿಲು ತೆರೆಯಿತು. ಕೆಲಸ ಮುಗಿಸಿದ ಹೆಂಗಸರು, ಗಂಡಸರು, ಸೈಕಲ್ ಸವಾರರು, ಜೊತೆಗೊಂದು ನಾಯಿ, ಹೀಗೆ ಎಲ್ಲರೂ ಹೊರಗೆ ಬಂದರು. ಒಂದು ನಿಮಿಷವೂ ಇಲ್ಲದ ಈ ತುಣುಕು ಅದೇ ವರ್ಷ ಡಿಸೆಂಬರ್ 28ರಂದು ಪ್ಯಾರಿಸ್ಸಿನಲ್ಲಿ ಹಣ ಕೊಟ್ಟು ಬಂದ ಪ್ರೇಕ್ಷಕರಿಗೆ ತೋರಿಸಿದ ಚಿತ್ರಗಳಲ್ಲಿ ಒಂದು. ಸಿನಿಮಾದ ಇತಿಹಾಸ ಬರೆಯುವವರು ಸಾಮಾನ್ಯವಾಗಿ ಆರಂಭಿಸುವುದು ಈ ದಿನದಿಂದಲೇ.

ಇದು ಸಹಜವಾಗಿ ನಡೆದ ಘಟನೆಯ ದಾಖಲೆ ಎಂದು ನಿಮಗೆ ಅನ್ನಿಸಬಹುದು. ಆದರೆ ಈ ಚಿತ್ರದ ಮೂರು ಪ್ರತಿಗಳು ನಮಗೆ ಸಿಕ್ಕಿವೆ. ಒಂದರಲ್ಲಿ ಗಾಡಿಗೆ ಒಂದು ಕುದುರೆ, ಇನ್ನೊಂದರಲ್ಲಿ ಎರಡು ಕುದುರೆ, ಮತ್ತೊಂದರಲ್ಲಿ ಕುದುರೆಯೇ ಇಲ್ಲ. ಎಂದರೆ ಕಾರ್ಮಿಕರು ಕ್ಯಾಮೆರಾದ ಮುಂದೆ ಒಂದಕ್ಕಿಂತ ಹೆಚ್ಚು ಸಲ ನಡೆದು ಬಂದಿದ್ದಾರೆ. ಇನ್ನೊಂದು ಸಂಗತಿಯನ್ನೂ ಗಮನಿಸಿ. ಕಾರ್ಖಾನೆ ಯಾರದೋ ಕ್ಯಾಮೆರಾ ಕೂಡ ಅವರದೇ. ಹೊರಗೆ ಬರುತ್ತಿದ್ದವರು ಅವರ ಬಳಿ ಸಂಬಳಕ್ಕಿದ್ದವರು. ಕೈಗಾರಿಕಾ ಚಿತ್ರದ ಮುಂದಿನ ಕಥೆಯಲ್ಲೆಲ್ಲ ಈ ಸಂಬಂಧ ನಮ್ಮ ಜೊತೆಗೇ ಬರುತ್ತದೆ.

ಬಾಗಿಲ ಹೊರಗಿದ್ದ ಕ್ಯಾಮೆರಾ ಬೇಗನೆ ಒಳಗೆ ಹೋಯಿತು. 1904ರ ಏಪ್ರಿಲ್ ಮತ್ತು ಮೇ ತಿಂಗಳಲ್ಲಿ ಬಿಲ್ಲಿ ಬಿಟ್ಸರ್ ಎಂಬ ಅಮೆರಿಕದ ಛಾಯಾಗ್ರಾಹಕರು ಪಿಟ್ಸ್‌ಬರ್ಗ್ ಬಳಿಯ ವೆಸ್ಟಿಂಗ್‌ಹೌಸ್ ವಿದ್ಯುತ್ ಯಂತ್ರಗಳ ಕಾರ್ಖಾನೆಯಲ್ಲಿ ಹಲವಾರು ಕಿರುಚಿತ್ರಗಳನ್ನು ತೆಗೆದರು. ಕತ್ತಲೆಯ ಶೆಡ್ಡುಗಳಲ್ಲಿ ಪಾದರಸದ ಆವಿಯ ದೀಪಗಳನ್ನು ಬಳಸಿದರು. ಮಾಡಿನ ಕೆಳಗೆ ಓಡಾಡುವ ಕ್ರೇನಿನ ಮೇಲೆ ಕ್ಯಾಮೆರಾ ಇಟ್ಟು ಇಡೀ ಯಂತ್ರಶಾಲೆಯನ್ನು ಹಕ್ಕಿಯ ಕಣ್ಣಿನಿಂದ ತೋರಿಸಿದರು. ಅವುಗಳಲ್ಲಿ ಒಂದರಲ್ಲಿ ಹೆಣ್ಣುಮಕ್ಕಳು ಒಬ್ಬರ ಹಿಂದೊಬ್ಬರು ಬಂದು ಹಾಜರಿಯ ಬಿಲ್ಲೆಗಳನ್ನು ತೆಗೆದುಕೊಂಡು ಹೋಗುತ್ತಾರೆ. ಕಾರ್ಖಾನೆಯ ಕಾಲ ಎಂಬುದು ಪರದೆಯ ಮೇಲೆ ಕಾಣಿಸಿಕೊಂಡ ಆರಂಭದ ಕ್ಷಣಗಳಲ್ಲಿ ಅದೂ ಒಂದು.

ಸಾಲು ಚಲಿಸಿತು

ಈಗ ಕಾರಿನ ಕಡೆಗೆ ಬರೋಣ. ಹೆನ್ರಿ ಫೋರ್ಡ್ ಅವರು 1903ರಲ್ಲಿ ತಮ್ಮ ಮೋಟಾರು ಕಂಪನಿಯನ್ನು ಆರಂಭಿಸಿದರು. 1908ರಲ್ಲಿ ‘ಮಾಡೆಲ್ ಟಿ’ ಎಂಬ ಗಟ್ಟಿಮುಟ್ಟಾದ ಕಾರನ್ನು ಮಾರುಕಟ್ಟೆಗೆ ತಂದರು. ಆಗ ಅದರ ಬೆಲೆ 850 ಡಾಲರ್. ಬೇಡಿಕೆ ಬೆಳೆಯಿತು. 1910ರಲ್ಲಿ ಡೆಟ್ರಾಯಿಟ್ ನಗರಕ್ಕೆ ಸೇರಿದಂತಿರುವ ಹೈಲ್ಯಾಂಡ್ ಪಾರ್ಕಿನಲ್ಲಿ ಹೊಸ ಕಾರ್ಖಾನೆ ತೆರೆಯಿತು.

ಅಲ್ಲಿಯ ತನಕ ಕಾರನ್ನು ಹೇಗೆ ಕಟ್ಟುತ್ತಿದ್ದರು? ರಥ ಕಟ್ಟುವ ಬಡಗಿಗಳನ್ನು ನೆನೆಯಿರಿ. ರಥ ಒಂದೆಡೆ ನಿಂತಿರುತ್ತದೆ, ಕೆಲಸಗಾರರು ಅದರ ಸುತ್ತ ಓಡಾಡುತ್ತಾರೆ. ಕಾರಿನ ಕೆಲಸವೂ ಹಾಗೆಯೇ ನಡೆಯುತ್ತಿತ್ತು. 1913ರ ಏಪ್ರಿಲ್‌ನಲ್ಲಿ ಫೋರ್ಡ್ ಕಾರ್ಖಾನೆಯ ತಂತ್ರಜ್ಞರು ಇದನ್ನು ತಿರುವುಮುರುವು ಮಾಡಿದರು. ಎಂಜಿನ್ನಿಗೆ ಕಿಡಿ ಒದಗಿಸುವ ಮ್ಯಾಗ್ನೆಟೋ ಎಂಬ ಭಾಗವನ್ನು ಒಬ್ಬ ಕಾರ್ಮಿಕ ಪೂರ್ತಿಯಾಗಿ ಜೋಡಿಸಲು ಸುಮಾರು 20 ನಿಮಿಷ ಹಿಡಿಯುತ್ತಿತ್ತು. ಆ ಕೆಲಸವನ್ನು 29 ತುಣುಕುಗಳಾಗಿ ಒಡೆದು 29 ಜನರನ್ನು ಸಾಲಾಗಿ ನಿಲ್ಲಿಸಿದರು. ವಸ್ತು ಅವರ ಮುಂದೆ ಸರಿದು ಬಂದಿತು. ಸಮಯ 13 ನಿಮಿಷ 10 ಸೆಕೆಂಡಿಗೆ ಇಳಿಯಿತು. ಸುಧಾರಣೆ ಮಾಡುತ್ತಾ ಹೋದಂತೆ ಅದು 5 ನಿಮಿಷಕ್ಕೆ ಬಂದಿತು. ಕಾರಿನ ಅಸ್ಥಿಪಂಜರದಂತಿರುವ ಷಾಸಿಯ ಜೋಡಣೆಗೆ ಮೊದಲು ಸುಮಾರು ಹನ್ನೆರಡೂವರೆ ಗಂಟೆ ಬೇಕಾಗಿತ್ತು. 1914ರ ಹೊತ್ತಿಗೆ 93 ನಿಮಿಷ ಸಾಕಾಯಿತು. ಇದೇ ಜಗತ್ಪ್ರಸಿದ್ಧವಾದ ‘ಅಸೆಂಬ್ಲಿ ಲೈನ್’, ನಮ್ಮ ಮಾತಿನಲ್ಲಿ ಜೋಡಣೆಯ ಸಾಲು.

ಇಂಥ ಸಾಲು ಸಿನಿಮಾಕ್ಕೆ ಹೇಳಿ ಮಾಡಿಸಿದ ವಸ್ತು. ಕಥೆಗೆ ಬೇಕಾದ ಆದಿ, ಮಧ್ಯ, ಅಂತ್ಯ ಮೂರೂ ಅದರಲ್ಲಿವೆ. ಆದಿಯಲ್ಲಿ ಬರಿಯ ಕಬ್ಬಿಣದ ಚೌಕಟ್ಟು, ಮಧ್ಯದಲ್ಲಿ ಎಂಜಿನ್ನು, ಚಕ್ರ, ರೇಡಿಯೇಟರು, ಅಂತ್ಯದಲ್ಲಿ ತಾನೇ ಓಡಿ ಹೊರಗೆ ಹೋಗುವ ಕಾರು. ಹೈಲ್ಯಾಂಡ್ ಪಾರ್ಕಿನಲ್ಲಿ ಇಳಿಜಾರು ಹಲಗೆಯ ಮೇಲಿಂದ ಕಾರಿನ ಮೈ ಜಾರಿ ಬಂದು ಕೆಳಗೆ ಕಾದಿದ್ದ ಷಾಸಿಯ ಮೇಲೆ ಕೂರುವುದನ್ನು ನೋಡಿದವರಿಗೆ ಜಾದೂ ನೋಡಿದಂತಾಗುತ್ತಿತ್ತು.

ಫೋರ್ಡ್ ಅವರು ಇದನ್ನು ಬಹು ಬೇಗ ಅರಿತುಕೊಂಡರು. 1914ರಲ್ಲಿ ಅವರ ಕಂಪನಿ ತನ್ನದೇ ಆದ ಚಲನಚಿತ್ರ ವಿಭಾಗವನ್ನು ತೆರೆಯಿತು. ‘ಫೋರ್ಡ್ ಅನಿಮೇಟೆಡ್ ವೀಕ್ಲಿ’ ಎಂಬ ವಾರದ ವಾರ್ತಾಚಿತ್ರ, ಬಳಿಕ ‘ಫೋರ್ಡ್ ಎಜುಕೇಷನಲ್ ವೀಕ್ಲಿ’ ಎಂಬ ಶೈಕ್ಷಣಿಕ ಚಿತ್ರಮಾಲೆ ಅಲ್ಲಿಂದ ಹೊರಬಂದವು. ಎಲ್ಲ ಚಿತ್ರಗಳೂ ಕಾರಿನ ಬಗೆಗೇ ಇರಲಿಲ್ಲ. ಊರುಗಳು, ಬೆಳೆಗಳು, ಬೇರೆ ಬೇರೆ ಉದ್ಯಮಗಳು, ಆರೋಗ್ಯದ ಪಾಠಗಳು ಕೂಡ ಇದ್ದವು. ಚಿತ್ರಮಂದಿರಗಳಲ್ಲಿಯೂ ಶಾಲೆಗಳಲ್ಲಿಯೂ ಅವುಗಳನ್ನು ತೋರಿಸಲಾಯಿತು. ಆ ವಿಭಾಗ ಬಿಟ್ಟುಹೋದ ಸುಮಾರು 15 ಲಕ್ಷ ಅಡಿಗಳಷ್ಟು ಫಿಲ್ಮನ್ನು 1963ರಲ್ಲಿ ಅಮೆರಿಕದ ರಾಷ್ಟ್ರೀಯ ಪತ್ರಾಗಾರಕ್ಕೆ ಕೊಡಲಾಯಿತು. ಇಂದು ಆ ಕಾಲವನ್ನು ಅಧ್ಯಯನ ಮಾಡುವವರಿಗೆ ಅದೊಂದು ನಿಧಿ.

ಒಮ್ಮೆ ಕಂಡದ್ದು, ದಿನವಿಡೀ ಮಾಡಿದ್ದು

ಆ ನಿಧಿಯ ಒಂದು ಚಿತ್ರವನ್ನು ಮನಸ್ಸಿನಲ್ಲೇ ಓಡಿಸಿ ನೋಡಿ. ಒಬ್ಬ ಕಾರ್ಮಿಕ ಚಕ್ರವನ್ನು ಎತ್ತಿ ಅಚ್ಚಿಗೆ ಹಾಕುತ್ತಾನೆ. ಮುಂದಿನ ದೃಶ್ಯದಲ್ಲಿ ಇನ್ನೊಬ್ಬ ಬೋಲ್ಟು ಬಿಗಿಯುತ್ತಾನೆ. ಅದರ ಮುಂದಿನದರಲ್ಲಿ ಮತ್ತೊಬ್ಬ ರೇಡಿಯೇಟರನ್ನು ಇಳಿಸುತ್ತಾನೆ. ಎಲ್ಲವೂ ಚುರುಕು, ಎಲ್ಲವೂ ಅಚ್ಚುಕಟ್ಟು. ಕ್ಯಾಮೆರಾ ಕಾರಿನ ಜೊತೆಗೆ ಮುಂದೆ ಮುಂದೆ ಹೋಗುತ್ತದೆ. ರೈಲಿನ ಕಿಟಕಿಯಿಂದ ಕಾಣುವ ಮರಗಳಂತೆ ಕಾರ್ಮಿಕರು ಹಿಂದೆ ಸರಿಯುತ್ತಾರೆ. ಕಥೆಯ ನಾಯಕ ಕಾರು.

ಇಲ್ಲಿ ಸ್ವಲ್ಪ ನಿಲ್ಲಿ. ಆ ಚಕ್ರ ಹಾಕಿದ ಮನುಷ್ಯ ನಮ್ಮ ಕಣ್ಣಿನಿಂದ ಮರೆಯಾದ ಮೇಲೆ ಏನು ಮಾಡಿದ? ಇನ್ನೊಂದು ಚಕ್ರ ಹಾಕಿದ. ಆಮೇಲೆ ಮತ್ತೊಂದು. ಮಧ್ಯಾಹ್ನದ ತನಕ ಅದೇ, ಊಟವಾದ ಮೇಲೂ ಅದೇ, ನಾಳೆಯೂ ಅದೇ. ಚಿತ್ರ ಪ್ರತಿಯೊಂದು ಕೆಲಸವನ್ನು ಒಮ್ಮೆ ತೋರಿಸುತ್ತದೆ. ಕಾರ್ಮಿಕ ಒಂದೇ ಕೆಲಸವನ್ನು ದಿನವಿಡೀ ಮಾಡುತ್ತಾನೆ. ಚಿತ್ರದಲ್ಲಿ ಸುಳ್ಳಿನ ದೃಶ್ಯ ಒಂದೂ ಇಲ್ಲ. ಆದರೂ ಸಾಲಿನ ಮೇಲಿನ ಬದುಕಿನ ಮುಖ್ಯ ಲಕ್ಷಣವಾದ ಪುನರಾವರ್ತನೆ ಅದರಲ್ಲಿ ಬಿಟ್ಟುಹೋಗಿದೆ. ನಾವು ಈ ಪ್ರಬಂಧದಲ್ಲಿ ಮರೆಯದೆ ಹಿಡಿದುಕೊಳ್ಳಬೇಕಾದ ಮಾತು ಇದು.

ಬಿಟ್ಟುಹೋದದ್ದು ಸಣ್ಣ ವಿಷಯವಲ್ಲ ಎಂಬುದನ್ನು ಅಂಕಿಗಳು ಹೇಳುತ್ತವೆ. 1913ರಲ್ಲಿ ಫೋರ್ಡ್ ಕಾರ್ಖಾನೆಯಲ್ಲಿ ಕೆಲಸ ಬಿಟ್ಟುಹೋಗುವವರ ಪ್ರಮಾಣ ಶೇಕಡಾ 370ಕ್ಕೆ ಮುಟ್ಟಿತ್ತು. ಸುಮಾರು 14,000 ಜನರನ್ನು ಕೆಲಸದಲ್ಲಿ ಇಟ್ಟುಕೊಳ್ಳಲು ಆ ಒಂದು ವರ್ಷದಲ್ಲಿ 52,000ಕ್ಕೂ ಹೆಚ್ಚು ಜನರನ್ನು ಸೇರಿಸಿಕೊಳ್ಳಬೇಕಾಯಿತು. ಸಾಲಿನ ಮುಂದೆ ನಿಂತ ಜನ ನಿಲ್ಲಲಾರದೆ ಹೋಗುತ್ತಿದ್ದರು. 1914ರ ಜನವರಿ 5ರಂದು ಫೋರ್ಡ್ ಅವರು ದಿನಕ್ಕೆ 5 ಡಾಲರ್ ಕೊಡುವುದಾಗಿ ಸಾರಿದರು. ಹಿಂದಿದ್ದ ಕೂಲಿಯ ಎರಡು ಪಟ್ಟಿಗೂ ಮಿಕ್ಕಿದ್ದು ಅದು. ಕೆಲಸದ ಅವಧಿಯನ್ನು 9 ಗಂಟೆಯಿಂದ 8 ಗಂಟೆಗೆ ಇಳಿಸಿದರು. ಉದಾರವಾದ ಕ್ರಮವೇ ಹೌದು. ಆದರೆ ಅದರ ಜೊತೆಗೆ ಷರತ್ತುಗಳಿದ್ದವು. ಕಾರ್ಮಿಕರು ಮನೆಯಲ್ಲಿ ಹೇಗೆ ಬಾಳುತ್ತಾರೆ, ಕುಡಿಯುತ್ತಾರೆಯೇ, ಉಳಿತಾಯ ಮಾಡುತ್ತಾರೆಯೇ ಎಂದು ನೋಡಲು ಕಂಪನಿಯ ತನಿಖೆಗಾರರು ಮನೆಮನೆಗೆ ಬರುತ್ತಿದ್ದರು.

ಇದೇ ವರ್ಷಗಳಲ್ಲಿ ಬೇರೆ ಕಾರ್ಖಾನೆಗಳಲ್ಲಿ ಕ್ಯಾಮೆರಾಕ್ಕೆ ಮತ್ತೊಂದು ಉದ್ಯೋಗ ಸಿಕ್ಕಿತು. ಫ್ರಾಂಕ್ ಗಿಲ್‌ಬ್ರೆತ್ ಮತ್ತು ಲಿಲಿಯನ್ ಗಿಲ್‌ಬ್ರೆತ್ ಎಂಬ ದಂಪತಿಗಳು ಕೆಲಸಗಾರರ ಚಲನೆಯನ್ನು ಚಿತ್ರೀಕರಿಸುವಾಗ ಚೌಕಟ್ಟಿನೊಳಗೇ ಒಂದು ಸೂಕ್ಷ್ಮ ಗಡಿಯಾರವನ್ನೂ ಇಡುತ್ತಿದ್ದರು. ಕೈ ಎಷ್ಟು ದೂರ ಚಾಚಿತು, ಎಷ್ಟು ಕಾಲ ವ್ಯರ್ಥವಾಯಿತು ಎಂದು ಅಳೆಯುವುದು ಅವರ ಉದ್ದೇಶ. ಆಯಾಸವನ್ನು ಕಡಿಮೆ ಮಾಡಬೇಕೆಂಬುದೂ ಅವರ ಗುರಿಯಾಗಿತ್ತು. ಆದರೆ ಅಳತೆಗೋಲು ಅಳೆಸಿಕೊಳ್ಳುವವನ ಕೈಯಲ್ಲಿ ಇರಲಿಲ್ಲ.

ವಾದ್ಯವೃಂದದೊಡನೆ ಬಂದ ಕಾರು

1930ರ ದಶಕಕ್ಕೆ ಬರುವಷ್ಟರಲ್ಲಿ ಎರಡು ಬದಲಾವಣೆಗಳಾಗಿದ್ದವು. ಸಿನಿಮಾಕ್ಕೆ ದನಿ ಬಂದಿತ್ತು. ಅಮೆರಿಕಕ್ಕೆ ಮಹಾ ಆರ್ಥಿಕ ಕುಸಿತ ಬಂದಿತ್ತು. ಕಾರು ಕೊಳ್ಳುವವರು ಕಡಿಮೆಯಾಗಿ, ಲಕ್ಷಾಂತರ ಜನ ಕೆಲಸ ಕಳೆದುಕೊಂಡಿದ್ದರು. ದೊಡ್ಡ ಕಂಪನಿಗಳಿಗೆ ಜನರ ವಿಶ್ವಾಸವನ್ನು ಮರಳಿ ಗಳಿಸಬೇಕಾಗಿತ್ತು. ಆಗ ಕೈಗಾರಿಕಾ ಚಿತ್ರ ಕಲೆಯ ವೇಷ ತೊಟ್ಟಿತು.

1934ರಲ್ಲಿ ಷಿಕಾಗೋ ನಗರದ ಮಹಾ ವಸ್ತುಪ್ರದರ್ಶನಕ್ಕಾಗಿ ಫೋರ್ಡ್ ಕಂಪನಿ ‘ರ‍್ಯಾಪ್ಸಡಿ ಇನ್ ಸ್ಟೀಲ್’ ಎಂಬ ಚಿತ್ರವನ್ನು ಮಾಡಿಸಿತು. ಉಕ್ಕಿನ ಗೀತೆ ಎಂಬ ಅರ್ಥದ ಹೆಸರು. ಉದ್ದಕ್ಕೂ ವಾದ್ಯವೃಂದದ ಸಂಗೀತ. ಕಾರಿನ ಲಾಂಛನದಿಂದ ಒಬ್ಬ ಪುಟ್ಟ ಕುಟ್ಟಿಚಾತನಂಥವನು ಹಾರಿ ಬರುತ್ತಾನೆ. ಅವನ ಮಾಯೆಯಿಂದ ಬಿಡಿಭಾಗಗಳು ಕುಣಿಯುತ್ತಾ ತಾವಾಗಿಯೇ ಜೋಡಣೆಗೊಂಡು ಕಾರಾಗುತ್ತವೆ. ಮಕ್ಕಳಿಗೆ ಬಹಳ ಖುಷಿ ಕೊಡುವ ದೃಶ್ಯ. ಆದರೆ ಆ ಮಾಯೆಯ ಭಾಗದಲ್ಲಿ ಒಂದು ಕೈಯೂ ಬೇಕಾಗಿಲ್ಲ ಎಂಬುದನ್ನು ಗಮನಿಸಿ.

ಎರಡು ವರ್ಷಗಳ ನಂತರ ಫೋರ್ಡ್ ಕಂಪನಿಯ ಪ್ರತಿಸ್ಪರ್ಧಿ ಇದಕ್ಕೆ ಎದುರಾದ ದಾರಿ ಹಿಡಿಯಿತು. ಜನರಲ್ ಮೋಟಾರ್ಸ್ ಸಂಸ್ಥೆಯ ಷೆವ್ರೊಲೆ ವಿಭಾಗಕ್ಕಾಗಿ ಡೆಟ್ರಾಯಿಟ್ ನಗರದ ಜಾಮ್ ಹ್ಯಾಂಡಿ ಸಂಸ್ಥೆ 1936ರಲ್ಲಿ ‘ಮಾಸ್ಟರ್ ಹ್ಯಾಂಡ್ಸ್’ ಎಂಬ ಚಿತ್ರ ತಯಾರಿಸಿತು. ನುರಿತ ಕೈಗಳು ಎಂದು ಅದರ ಅರ್ಥ. ಮಿಷಿಗನ್ ಪ್ರಾಂತದ ಫ್ಲಿಂಟ್ ಎಂಬ ಊರಿನ ಕಾರ್ಖಾನೆಯಲ್ಲಿ ಅದರ ಚಿತ್ರೀಕರಣ ನಡೆಯಿತು. ಸುಮಾರು ಅರ್ಧ ಗಂಟೆಯ ಈ ಚಿತ್ರದಲ್ಲಿ ಮಾತು ತೀರಾ ಕಡಿಮೆ. ಸಂಗೀತವೇ ಎಲ್ಲವನ್ನೂ ಹೇಳುತ್ತದೆ. ಅಚ್ಚು ತಯಾರಿಸುವ ಕುಶಲಕರ್ಮಿಗಳು, ಎರಕದ ಮನೆಯಲ್ಲಿ ಸುರಿಯುವ ಕಬ್ಬಿಣದ ಬೆಂಕಿ ನೀರು, ತಗಡನ್ನು ಒತ್ತುವ ಭಾರಿ ಯಂತ್ರಗಳು, ಬೆಸುಗೆಯ ಕಿಡಿಗಳು, ಕೊನೆಗೆ ಸಾಲಿನ ಮೇಲೆ ಒಂದಾಗಿ ಬರುವ ಕಾರು. ಕತ್ತಲೆ ಬೆಳಕುಗಳನ್ನು ಬಳಸಿದ ರೀತಿ ಹಳೆಯ ತೈಲಚಿತ್ರಗಳನ್ನು ನೆನಪಿಗೆ ತರುತ್ತದೆ. ಈ ಚಿತ್ರದಲ್ಲಿ ಕಾರ್ಮಿಕನ ಕೈ ದೊಡ್ಡದಾಗಿ, ಹತ್ತಿರದಲ್ಲಿ, ಗೌರವದಿಂದ ಕಾಣಿಸುತ್ತದೆ. ಅದರ ಸೌಂದರ್ಯ ನಿಜವಾದದ್ದು. 1999ರಲ್ಲಿ ಅಮೆರಿಕ ದೇಶ ಕಾಪಾಡಿಕೊಳ್ಳಬೇಕಾದ ಚಿತ್ರಗಳ ರಾಷ್ಟ್ರೀಯ ಪಟ್ಟಿಯಲ್ಲಿ ಇದನ್ನು ಸೇರಿಸಿದ್ದು ಯೋಗ್ಯವೇ ಆಗಿದೆ.

ಹಾಗಾದರೆ ಇಲ್ಲಿ ಕೊರತೆ ಏನು? ಕೈ ಇದೆ, ಬಾಯಿ ಇಲ್ಲ. ಈ ಮನುಷ್ಯರಲ್ಲಿ ಒಬ್ಬನ ಹೆಸರೂ ನಮಗೆ ತಿಳಿಯುವುದಿಲ್ಲ. ಅವರು ಮಾತನಾಡುವುದಿಲ್ಲ, ದಣಿಯುವುದಿಲ್ಲ, ಗಡಿಯಾರ ನೋಡುವುದಿಲ್ಲ. ಹಾಗೂ ಇಲ್ಲಿಯೂ ಒಂದೊಂದು ಕೆಲಸ ನಮ್ಮ ಕಣ್ಣಿಗೆ ಬಿದ್ದು ಸರಿದು ಹೋಗುತ್ತದೆ.

ಚಾಪ್ಲಿನ್ ಸ್ಪ್ಯಾನರು ಹಿಡಿದಾಗ

ಅದೇ 1936ರ ಫೆಬ್ರವರಿಯಲ್ಲಿ ಚಾರ್ಲಿ ಚಾಪ್ಲಿನ್ ಅವರ ‘ಮಾಡರ್ನ್ ಟೈಮ್ಸ್’ ಬಿಡುಗಡೆಯಾಯಿತು. ನಿಮ್ಮಲ್ಲಿ ಹಲವರು ಅದರ ಒಂದು ತುಣುಕನ್ನಾದರೂ ನೋಡಿ ನಕ್ಕಿರುತ್ತೀರಿ. ಇದು ಕೈಗಾರಿಕಾ ಚಿತ್ರವಲ್ಲ, ಕಥಾಚಿತ್ರ. ಚಿತ್ರದ ಕಾರ್ಖಾನೆಯಲ್ಲಿ ತಯಾರಾಗುವುದು ಕಾರೂ ಅಲ್ಲ. ಏನು ತಯಾರಾಗುತ್ತದೆ ಎಂಬುದೇ ನಮಗೆ ಗೊತ್ತಾಗುವುದಿಲ್ಲ. ಆದರೆ ಚಾಪ್ಲಿನ್ ಅವರು 1923ರಲ್ಲಿ ಹೆನ್ರಿ ಫೋರ್ಡ್ ಅವರ ಜೊತೆಯಲ್ಲಿ ಹೈಲ್ಯಾಂಡ್ ಪಾರ್ಕ್ ಕಾರ್ಖಾನೆಯನ್ನು ನೋಡಿದ್ದರು. ಡೆಟ್ರಾಯಿಟ್ಟಿನ ಸಾಲುಗಳಲ್ಲಿ ದುಡಿಯಲು ಹಳ್ಳಿಯಿಂದ ಬಂದ ಗಟ್ಟಿ ಹುಡುಗರು ಕೆಲವೇ ವರ್ಷಗಳಲ್ಲಿ ನರದೌರ್ಬಲ್ಯಕ್ಕೆ ಗುರಿಯಾಗುತ್ತಿದ್ದ ಸಂಗತಿಯನ್ನು ಒಬ್ಬ ಪತ್ರಕರ್ತರಿಂದ ಕೇಳಿದ್ದೇ ತಮ್ಮ ಚಿತ್ರಕ್ಕೆ ಪ್ರೇರಣೆಯಾಯಿತೆಂದು ಅವರು ತಮ್ಮ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ.

ಚಾಪ್ಲಿನ್ ಏನು ಮಾಡಿದರು ನೋಡಿ. ಕ್ಯಾಮೆರಾವನ್ನು ವಸ್ತುವಿನ ಜೊತೆ ಕಳಿಸದೆ ಕಾರ್ಮಿಕನ ಹತ್ತಿರವೇ ಉಳಿಸಿದರು. ಎರಡು ಕೈಯಲ್ಲಿ ಎರಡು ಸ್ಪ್ಯಾನರು, ಮುಂದೆ ಸರಿದು ಬರುವ ತಗಡಿನ ಮೇಲೆ ಎರಡು ನಟ್ಟು. ತಿರುಗಿಸು, ತಿರುಗಿಸು, ತಿರುಗಿಸು. ಒಂದು ನೊಣ ಮುಖದ ಮೇಲೆ ಕೂತರೂ ಸಾಲು ತಪ್ಪಿಹೋಗುತ್ತದೆ. ಕೆಲಸ ಬಿಟ್ಟು ಈಚೆಗೆ ಬಂದರೂ ಕೈಗಳು ನಿಲ್ಲದೆ ಅದೇ ಚಲನೆಯಲ್ಲಿ ಅದುರುತ್ತವೆ. ಊಟಕ್ಕೆ ಕೊಡುವ ಬಿಡುವನ್ನೂ ಉಳಿಸಲೆಂದು ಒಂದು ತಿನ್ನಿಸುವ ಯಂತ್ರ ಬರುತ್ತದೆ. ಕೈಗಾರಿಕಾ ಚಿತ್ರ ಬಿಟ್ಟಿದ್ದ ಪುನರಾವರ್ತನೆಯನ್ನು ಚಾಪ್ಲಿನ್ ಅವರು ಚಿತ್ರದ ನಡುಮಧ್ಯಕ್ಕೆ ತಂದು ಕೂರಿಸಿದರು. ಅದನ್ನು ನಗೆಯಾಗಿಸಿದ್ದರಿಂದ ಇಡೀ ಜಗತ್ತು ನೋಡಿತು.

ಇನ್ನೊಂದು ಸೂಕ್ಷ್ಮವೂ ಇದೆ. ಆ ಕಾರ್ಖಾನೆಯಲ್ಲಿ ಕಾರ್ಮಿಕರ ಮಾತು ನಮಗೆ ಕೇಳಿಸುವುದಿಲ್ಲ. ಕೇಳಿಸುವುದು ಯಂತ್ರದ ಮೂಲಕ ಬರುವ ದನಿ ಮಾತ್ರ. ಗೋಡೆಯ ಮೇಲಿನ ಪರದೆಯಲ್ಲಿ ಕಾಣಿಸಿಕೊಂಡು ‘ಇನ್ನೂ ಬೇಗ’ ಎನ್ನುವ ಮಾಲೀಕನ ದನಿ ಅದು. ಕಾರ್ಖಾನೆಯಲ್ಲಿ ಮಾತಿನ ಅಧಿಕಾರ ಯಾರಿಗಿದೆ ಎಂಬ ಪ್ರಶ್ನೆಯನ್ನು ಅವರು ಹೀಗೆ ದನಿಯಿಂದಲೇ ಎತ್ತಿದರು.

ಕೈಗಳು ನಿಂತಾಗ

ಕಾರ್ಮಿಕರ ಪಕ್ಕದಲ್ಲಿ ನಿಂತ ಕ್ಯಾಮೆರಾಗಳೂ ಆ ಕಾಲದಲ್ಲಿ ಇದ್ದವು. 1932ರ ಮಾರ್ಚ್ 7ರಂದು ಕೆಲಸ ಕಳೆದುಕೊಂಡ ಸಾವಿರಾರು ಜನ ಕೊರೆಯುವ ಚಳಿಯಲ್ಲಿ ಫೋರ್ಡ್ ಕಂಪನಿಯ ರಿವರ್ ರೂಜ್ ಕಾರ್ಖಾನೆಯತ್ತ ಮೆರವಣಿಗೆ ಹೊರಟರು. ಪೊಲೀಸರೂ ಕಂಪನಿಯ ಕಾವಲುಗಾರರೂ ಗುಂಡು ಹಾರಿಸಿದರು. ನಾಲ್ವರು ಬಲಿಯಾದರು, ಗಾಯಗೊಂಡಿದ್ದ ಇನ್ನೊಬ್ಬರು ಆಮೇಲೆ ತೀರಿಕೊಂಡರು. ಕಾರ್ಮಿಕರ ಪರವಾದ ‘ಫಿಲ್ಮ್ ಅಂಡ್ ಫೋಟೋ ಲೀಗ್’ ಸಂಘಟನೆಯವರು ಈ ಘಟನೆಯನ್ನು ಚಿತ್ರವಾಗಿ ಉಳಿಸಿದರು. 37 ವರ್ಷಗಳ ಹಿಂದೆ ಲಿಯಾನಿನಲ್ಲಿ ಮಾಲೀಕರ ಕ್ಯಾಮೆರಾ ನಿಂತದ್ದು ಕಾರ್ಖಾನೆಯ ಬಾಗಿಲಿನಲ್ಲಿ; ಈ ಕ್ಯಾಮೆರಾ ನಿಂತದ್ದೂ ಕಾರ್ಖಾನೆಯ ಬಾಗಿಲಿನ ದಾರಿಯಲ್ಲೇ. ಆದರೆ ಕ್ಯಾಮೆರಾ ಹಿಡಿದವರು ಬೇರೆ.

ಇನ್ನು ಫ್ಲಿಂಟ್ ಊರಿಗೆ ಹಿಂತಿರುಗೋಣ. ‘ಮಾಸ್ಟರ್ ಹ್ಯಾಂಡ್ಸ್’ ಚಿತ್ರ ತಯಾರಾದ ಅದೇ 1936ನೆಯ ವರ್ಷ ಮುಗಿಯಲು ಎರಡು ದಿನಗಳಿದ್ದವು. ಡಿಸೆಂಬರ್ 30ರಂದು ಜನರಲ್ ಮೋಟಾರ್ಸ್ ಸಂಸ್ಥೆಗಾಗಿ ಕಾರಿನ ಮೈ ತಯಾರಿಸುತ್ತಿದ್ದ ಫಿಷರ್ ಬಾಡಿ ಕಾರ್ಖಾನೆಯ ಕಾರ್ಮಿಕರು ಕೆಲಸ ನಿಲ್ಲಿಸಿದರು. ಅವರು ಮನೆಗೆ ಹೋಗಲಿಲ್ಲ. ಕಾರ್ಖಾನೆಯೊಳಗೇ ಕುಳಿತುಬಿಟ್ಟರು. ಹೊರಗೆ ಹೋದರೆ ಅವರ ಜಾಗಕ್ಕೆ ಬೇರೆಯವರನ್ನು ತಂದು ಸಾಲನ್ನು ಓಡಿಸಬಹುದಾಗಿತ್ತು. ಒಳಗೇ ಕೂತರೆ ಸಾಲು ನಿಂತೇ ಇರುತ್ತದೆ.

ಅವರ ದೂರುಗಳಲ್ಲಿ ಮುಖ್ಯವಾದದ್ದು ಕೂಲಿಗಿಂತ ಹೆಚ್ಚಾಗಿ ಸಾಲಿನ ವೇಗ. ಜನರನ್ನು ಹೆಚ್ಚಿಸದೆ ಸಾಲನ್ನು ಬೇಗ ಓಡಿಸುತ್ತಿದ್ದರು. ಯಾವಾಗ ಕೆಲಸದಿಂದ ತೆಗೆಯುತ್ತಾರೋ ಎಂಬ ಭಯ, ಸಂಘ ಕಟ್ಟಿದವರ ಮೇಲೆ ಗೂಢಚಾರರ ಕಣ್ಣು ಬೇರೆ. ‘ಕೈ ಕೆಸರಾದರೆ ಬಾಯಿ ಮೊಸರು’ ಎನ್ನುತ್ತೇವೆ. ಈ ಕೈಗಳು ದಿನವೂ ಕೆಸರಾಗುತ್ತಿದ್ದವು. ಬಾಯಿಗೆ ಮೊಸರೂ ಸಾಲದು, ಮಾತೂ ಇರಲಿಲ್ಲ.

ಮುಷ್ಕರ 44 ದಿನ ನಡೆಯಿತು. ಕಾರಿಗೆಂದು ತಯಾರಾಗಿದ್ದ ಸೀಟುಗಳ ಮೇಲೆ ಕುಳಿತು ಕಾರ್ಮಿಕರು ಪತ್ರಿಕೆ ಓದುತ್ತಿರುವ ಛಾಯಾಚಿತ್ರಗಳು ಇಂದಿಗೂ ಪ್ರಸಿದ್ಧ. ಯಂತ್ರಗಳಿಗೆ ಹಾನಿಯಾಗದಂತೆ, ಒಳಗೆ ಕಸ ತುಂಬದಂತೆ ಅವರೇ ಸಮಿತಿಗಳನ್ನು ಮಾಡಿಕೊಂಡರು. ಹೊರಗಿನಿಂದ ಊಟ ಬರುತ್ತಿತ್ತು. ಜನವರಿ 11ರಂದು ಪೊಲೀಸರು ಅಶ್ರುವಾಯು ಸಿಡಿಸಿ ಒಂದು ಕಾರ್ಖಾನೆಯನ್ನು ತೆರವು ಮಾಡಿಸಲು ಬಂದಾಗ ದೊಡ್ಡ ಕಾದಾಟವಾಯಿತು. ಅದಾದ ಮೇಲೆ ಕಾರ್ಮಿಕರ ಮನೆಯ ಹೆಂಗಸರು ತುರ್ತು ದಳ ಕಟ್ಟಿಕೊಂಡು ಬಾಗಿಲುಗಳ ಬಳಿ ನಿಂತರು. ಆ ಹೆಂಗಸರ ಕಥೆಯನ್ನು ಹೇಳುವ ಸಾಕ್ಷ್ಯಚಿತ್ರ 1978ರಲ್ಲಿ ಬಂದಿತು. 1937ರ ಫೆಬ್ರವರಿ 1ರಂದು ಷೆವ್ರೊಲೆಯ 4ನೆಯ ನಂಬರಿನ ಎಂಜಿನ್ ಕಾರ್ಖಾನೆಯೂ ಮುಷ್ಕರಗಾರರ ವಶವಾಯಿತು. ಫೆಬ್ರವರಿ 11ರಂದು ಕಂಪನಿ ಕಾರ್ಮಿಕ ಸಂಘದೊಡನೆ ಒಪ್ಪಂದಕ್ಕೆ ಸಹಿ ಹಾಕಿತು. ಫೋರ್ಡ್ ಕಂಪನಿ ಸಂಘವನ್ನು ಮಾನ್ಯ ಮಾಡಲು 1941ರ ತನಕ ಹಿಡಿಯಿತು.

ಈಗ ‘ಮಾಸ್ಟರ್ ಹ್ಯಾಂಡ್ಸ್’ ಚಿತ್ರವನ್ನು ಮತ್ತೊಮ್ಮೆ ನೆನೆಯಿರಿ. ಅದೇ ಊರು, ಅದೇ ಸಂಸ್ಥೆ. ಆ ಚಿತ್ರ ನೋಡಿದವರಿಗೆ ಕೆಲವೇ ತಿಂಗಳಲ್ಲಿ ಇಲ್ಲಿ ಇಂಥದೊಂದು ನಡೆಯಬಹುದೆಂಬ ಸುಳಿವು ಎಲ್ಲಿಯೂ ಸಿಗುವುದಿಲ್ಲ. ಅದರ ಸಂಗೀತ ಕೈಗಳ ಕೌಶಲವನ್ನು ಹಾಡಿತು. ಆ ಕೈಗಳು ನಿಂತಾಗ ಮಾತ್ರ ಅವುಗಳಿಗೆ ಬಾಯಿಯೂ ಇದೆ ಎಂದು ಲೋಕಕ್ಕೆ ತಿಳಿಯಿತು.

ನೋಡುವ ಬಗೆ

ಹಾಗೆಂದ ಮಾತ್ರಕ್ಕೆ ಕಂಪನಿಗಳ ಚಿತ್ರಗಳನ್ನು ಬರಿಯ ಪ್ರಚಾರವೆಂದು ಪಕ್ಕಕ್ಕೆ ತಳ್ಳಬೇಡಿ. ಅವು ತೋರಿಸುವ ಸಾಧನೆ ಪೊಳ್ಳಲ್ಲ. 850 ಡಾಲರಿನ ಮಾಡೆಲ್ ಟಿ ಕಾರಿನ ಅತ್ಯಂತ ಅಗ್ಗದ ಮಾದರಿ 1920ರ ದಶಕದ ಮಧ್ಯಕ್ಕೆ 260 ಡಾಲರಿಗೆ ಸಿಗುತ್ತಿತ್ತು. 1927ರಲ್ಲಿ ನಿಲ್ಲುವಷ್ಟರಲ್ಲಿ ಅಂಥ 1.5 ಕೋಟಿ ಕಾರುಗಳು ತಯಾರಾಗಿದ್ದವು. ಈ ಸಾಮರ್ಥ್ಯ ದೂರದ ದೇಶಗಳವರನ್ನೂ ಸೆಳೆಯಿತು. ನಮ್ಮ ಸರ್ ಎಂ. ವಿಶ್ವೇಶ್ವರಯ್ಯನವರು 1930ರ ದಶಕದಲ್ಲಿ ಭಾರತದಲ್ಲೇ ಮೋಟಾರು ಕಾರ್ಖಾನೆಯಾಗಬೇಕೆಂದು ಯೋಜನೆ ಸಿದ್ಧಪಡಿಸಿದರು. ಅದಕ್ಕಾಗಿ ತಮ್ಮ ಇಳಿವಯಸ್ಸಿನಲ್ಲಿ ಯುರೋಪ್, ಅಮೆರಿಕಗಳನ್ನು ಸುತ್ತಿ ಬಂದರು. ಯಂತ್ರಕ್ಕೆ ಬೆರಗಾಗುವುದು ತಪ್ಪಲ್ಲ. ಬೆರಗಿನಲ್ಲಿ ಮನುಷ್ಯನನ್ನು ಮರೆಯಬಾರದು ಅಷ್ಟೆ.

ಆದ್ದರಿಂದ ಮುಂದೆ ಇಂಥ ಯಾವುದೇ ಚಿತ್ರವನ್ನು ನೋಡುವಾಗ ನಾಲ್ಕು ಪ್ರಶ್ನೆಗಳನ್ನು ಕೇಳಿಕೊಳ್ಳಿ. ಈ ಚಿತ್ರಕ್ಕೆ ಹಣ ಕೊಟ್ಟವರು ಯಾರು? ಕ್ಯಾಮೆರಾ ಯಾರ ಜೊತೆಯಲ್ಲಿ ಚಲಿಸುತ್ತಿದೆ, ವಸ್ತುವಿನ ಜೊತೆಯೋ ಕೆಲಸಗಾರನ ಜೊತೆಯೋ? ಯಾರ ದನಿ ಕೇಳಿಸುತ್ತಿದೆ? ಒಮ್ಮೆ ಕಾಣಿಸಿದ ಕೆಲಸ ನಿಜ ಜೀವನದಲ್ಲಿ ಎಷ್ಟು ಸಲ ನಡೆಯುತ್ತದೆ? ಈ ನಾಲ್ಕಕ್ಕೆ ಉತ್ತರ ಹುಡುಕಿದರೆ ಒಂದು ಜಾಹೀರಾತಿನಿಂದ ಕೂಡ ಇತಿಹಾಸವನ್ನು ಓದಬಹುದು.

ಒಂದು ಸಣ್ಣ ಅಭ್ಯಾಸವನ್ನೂ ಮಾಡಿ ನೋಡಿ. ಇಂದು ಕ್ಯಾಮೆರಾ ಎಲ್ಲರ ಅಂಗೈಯಲ್ಲಿದೆ. ನಿಮ್ಮ ಓಣಿಯ ಗ್ಯಾರೇಜಿಗೋ ಲೇತ್ ಅಂಗಡಿಗೋ ಹೋಗಿ, ಅಲ್ಲಿಯವರ ಒಪ್ಪಿಗೆ ಕೇಳಿ, ಒಬ್ಬರ ಕೆಲಸವನ್ನು ಅರ್ಧ ನಿಮಿಷ ಚಿತ್ರೀಕರಿಸಿ. ಅದು ಚೆನ್ನಾಗಿಯೇ ಬರುತ್ತದೆ. ಆಮೇಲೆ ಮೊಬೈಲನ್ನು ಜೇಬಿಗೆ ಹಾಕಿಕೊಂಡು ಅದೇ ಜಾಗದಲ್ಲಿ ಒಂದು ಗಂಟೆ ಸುಮ್ಮನೆ ಕುಳಿತು ಅದೇ ಕೆಲಸವನ್ನು ನೋಡಿ. ಹೊರಡುವ ಮುನ್ನ ಅವರ ಹೆಸರು ಕೇಳಿ, ಅವರು ಹೇಳುವುದನ್ನು ಕೇಳಿಸಿಕೊಳ್ಳಿ. ಅರ್ಧ ನಿಮಿಷದ ಚಿತ್ರಕ್ಕೂ ಆ ಒಂದು ಗಂಟೆಗೂ ಇರುವ ಅಂತರ ನಿಮಗೆ ತಿಳಿದರೆ ಈ ಪಾಠ ಮುಗಿಯಿತು.